ದುರ್ಗದಲ್ಲಿ ಮೋಡಗಾರರ ಕೂಟ ಇದ್ದಿದ್ದರೆ

ಮೊಳಕಾಲ್ಮೂರಿನಲ್ಲಿ ರೇಷ್ಮೆ ಸೀರೆ ನೇಯುವವರಿದ್ದಾರೆ, ಚಳ್ಳಕೆರೆ ಸೀಮೆಯಲ್ಲಿ ಕುರಿ ಉಣ್ಣೆಯ ಕಂಬಳಿ ನೇಯುವವರಿದ್ದಾರೆ. ದಾವಣಗೆರೆಯಂತೂ ಒಂದು ಕಾಲಕ್ಕೆ ಹತ್ತಿ ಗಿರಣಿಗಳಿಂದಲೇ ಹೆಸರಾದ ಊರು. ಇಷ್ಟೆಲ್ಲ ಕಸುಬಿನ ಕೈಗಳಿರುವ ಕಡೆ ಮೋಡದ ಕಸುಬಿನವರು ಮಾತ್ರ ಇಲ್ಲ. ಮಲೆನಾಡಿನವರಿಗೆ ಅಂಥವರ ಅಗತ್ಯವೂ ಇಲ್ಲ ಬಿಡಿ, ಆಗುಂಬೆಯಲ್ಲಿ ವರ್ಷಕ್ಕೆ 7,000 ಮಿ.ಮೀ. ಮೀರಿ ಮಳೆ ಸುರಿಯುತ್ತದೆ. ಅಲ್ಲಿಂದ ನೇರ ಗೆರೆ ಎಳೆದರೆ ಇನ್ನೂರು ಕಿಲೋಮೀಟರಿನೊಳಗೆ ಸಿಗುವ ಚಳ್ಳಕೆರೆಗೆ ಅದರ ಹತ್ತರಲ್ಲೊಂದು ಪಾಲೂ ಬೀಳುವುದಿಲ್ಲ. ಮೋಡಗಾರರ ಕೂಟ ಎಲ್ಲಾದರೂ ಹುಟ್ಟಬೇಕಿದ್ದರೆ ಅದು ಈ ಚಿತ್ರದುರ್ಗದ ಸೀಮೆಯಲ್ಲೇ.

ಹುಟ್ಟಿದೆ ಎಂದೇ ಇಟ್ಟುಕೊಳ್ಳೋಣ. ಕೂಟ ನನ್ನ ಕಲ್ಪನೆ. ಅವರ ಕೈಗೆ ಸಿಗುವ ಮಾಲು, ಅದರ ಸ್ವಭಾವ, ಲೆಕ್ಕ ಎಲ್ಲವೂ ನಿಜದ್ದು. ಶಾಲೆಯ ಪುಸ್ತಕದ ಜಲಚಕ್ರದ ಚಿತ್ರದಲ್ಲಿ ಮೋಡ ಒಂದು ಬಾಣದಿಂದ ಬಂದು ಇನ್ನೊಂದು ಬಾಣದಿಂದ ಮಳೆಯಾಗಿ ಇಳಿದುಬಿಡುತ್ತದೆ. ನಡುವೆ ಏನೇನು ಕೂಡಿಬರಬೇಕು, ಎಲ್ಲಿ ಕೆಲಸ ಕೆಡುತ್ತದೆ ಎಂಬುದು ಆ ಬಾಣಗಳಲ್ಲಿ ಕಾಣುವುದಿಲ್ಲ. ಅದನ್ನು ಕಾಣಬೇಕಾದರೆ ಮೋಡವನ್ನು ತಾನೇ ಮಾಡಬೇಕಾದವನ ಜಾಗದಲ್ಲಿ ಕೂರಬೇಕು.

ಕಸುಬಿನ ಕೂಟಗಳು ನಮಗೆ ಹೊಸವಲ್ಲ. ಅಯ್ಯಾವೊಳೆಯ ಐನೂರ್ವರು ಎಂಬ ವರ್ತಕರ ಸಂಘ ನಮ್ಮ ಶಾಸನಗಳಲ್ಲಿ ಶತಮಾನಗಳ ಕಾಲ ಕಾಣಿಸುತ್ತದೆ. ಗಾಣದವರು, ನೇಕಾರರು ತಮ್ಮ ತಮ್ಮ ಕೂಟ ಕಟ್ಟಿಕೊಂಡು ದೇವಸ್ಥಾನಗಳಿಗೆ ದತ್ತಿ ಬಿಟ್ಟದ್ದಕ್ಕೂ ಶಾಸನಗಳಿವೆ. ಯಾವ ಕೂಟವಾದರೂ ಅಳತೆ ಯಾವುದು, ಮಾಲು ಕೆಟ್ಟರೆ ಹೊಣೆ ಯಾರದು ಎಂಬುದನ್ನು ಮೊದಲೇ ಗೊತ್ತುಮಾಡಿಕೊಳ್ಳಬೇಕು. ನಮ್ಮ ಮೋಡಗಾರರು ಮುಗ್ಗರಿಸುವುದು ಈ ಎರಡರಲ್ಲೇ.

ಮೊದಲ ಗಿರಾಕಿ

ಜಗಳೂರು ಕಡೆಯ ರೈತರೊಬ್ಬರು ಕೂಟದ ಕಟ್ಟೆಗೆ ಬಂದರು ಎನ್ನಿ.

"ಯಜಮಾನ್ರೇ, ನಾಕೆಕರೆ ಹೊಲ ಐತೆ. ಮೆಕ್ಕೆಜೋಳ ಹಾಕ್ಬೇಕು. ಒಂದು ಮೋಡ ಮಾಡಿಕೊಡ್ರಿ."

"ಎಷ್ಟು ದೊಡ್ಡದು ಬೇಕಣ್ಣ?"

"ಹದ ಆಗೋವಷ್ಟು. ಜಾಸ್ತಿ ಏನ್ ಬ್ಯಾಡ."

ಕೇಳಿದ್ದು ನ್ಯಾಯವಾಗಿಯೇ ಇದೆ. ಮೋಡಗಾರ ಲೆಕ್ಕಕ್ಕೆ ಕೂರುತ್ತಾನೆ. ಒಂದು ಮಿಲಿಮೀಟರ್ ಮಳೆ ಎಂದರೆ ಚದರ ಮೀಟರಿಗೆ ಒಂದು ಲೀಟರ್ ನೀರು. ಎಕರೆಗೆ 4,047 ಚದರ ಮೀಟರ್. ಬಿತ್ತನೆಗೆ ಹದವಾಗಲು 25 ಮಿ.ಮೀ. ಬೇಕೆಂದರೆ ಎಕರೆಗೆ ಒಂದು ಲಕ್ಷ ಲೀಟರ್, ನಾಲ್ಕೆಕರೆಗೆ ನಾಲ್ಕು ಲಕ್ಷ. ಇನ್ನು ಮಾಲಿನ ಕಡೆ ನೋಡೋಣ. ಬಿಸಿಲಿನ ದಿನ ತೇಲುವ ಬಿಳಿ ಗುಡ್ಡೆಮೋಡವೊಂದು ಉದ್ದ, ಅಗಲ, ಎತ್ತರ ಮೂರರಲ್ಲೂ ಒಂದೊಂದು ಕಿಲೋಮೀಟರ್ ಇದೆ ಎಂದುಕೊಳ್ಳಿ. ಅಂಥ ಮೋಡದ ಒಂದು ಘನ ಮೀಟರಿನಲ್ಲಿ ಇರುವ ನೀರು ಸುಮಾರು ಅರ್ಧ ಗ್ರಾಂ. ಇಡೀ ಮೋಡದಲ್ಲಿ ನೂರು ಕೋಟಿ ಘನ ಮೀಟರ್. ಒಟ್ಟು 500 ಟನ್, ಅಂದರೆ ಐದು ಲಕ್ಷ ಲೀಟರ್.

ಸಾಕಾಯಿತಲ್ಲ ಎನಿಸಬಹುದು. ಆದರೆ ಆ ಮೋಡ ನಾಲ್ಕೆಕರೆಯ ಮೇಲೆ ನಿಂತಿಲ್ಲ, 247 ಎಕರೆಯ ಮೇಲೆ ಹರಡಿದೆ. ಒಂದು ಹನಿ ಬಿಡದೆ ಹಿಂಡಿದರೂ ನೆಲಕ್ಕೆ ಸಿಗುವುದು ಅರ್ಧ ಮಿಲಿಮೀಟರ್. ರಸ್ತೆಯ ಧೂಳೂ ಸರಿಯಾಗಿ ಅಡಗುವುದಿಲ್ಲ.

ಹಾಗಾದರೆ ಒಂದೇ ಸಂಜೆಗೆ 50 ಮಿ.ಮೀ. ಹೊಯ್ದು ಹಳ್ಳ ಹರಿಸುವ ಮಳೆ ಎಲ್ಲಿಂದ ಬರುತ್ತದೆ? ಮೋಡದ ಹೊಟ್ಟೆಯಲ್ಲಿದ್ದ ನೀರಿನಿಂದಂತೂ ಅಲ್ಲ. ಮುಂಗಾರಿನ ದಿನ ನಮ್ಮ ನೆತ್ತಿಯಿಂದ ಆಕಾಶದವರೆಗಿನ ಗಾಳಿಯಲ್ಲಿರುವ ಆವಿಯನ್ನೆಲ್ಲ ನೀರಾಗಿಸಿದರೆ ಸುಮಾರು 40 ಮಿ.ಮೀ. ಆದೀತು. ಕಣ್ಣಿಗೆ ಕಾಣದ ಆ ಆವಿಯ ಮುಂದೆ ಕಾಣುವ ಮೋಡದ ನೀರು ಏನೇನೂ ಅಲ್ಲ. ಜೋರು ಮಳೆಯ ಮೋಡ ಸುತ್ತಲಿನ ಹತ್ತಾರು ಕಿಲೋಮೀಟರ್‌ಗಳ ತೇವದ ಗಾಳಿಯನ್ನು ಬುಡದಿಂದ ಒಳಗೆಳೆದುಕೊಳ್ಳುತ್ತಲೇ ಇರುತ್ತದೆ, ಆವಿಯನ್ನು ಹನಿ ಮಾಡುತ್ತಲೇ ಇರುತ್ತದೆ, ಹನಿಯನ್ನು ಕೆಳಗೆ ಬಿಡುತ್ತಲೇ ಇರುತ್ತದೆ. ಒಳಗೆ ಬರುವುದು ನಿಂತರೆ ಮೋಡವೇ ಇಲ್ಲ. ಬಿಡಿ ಗುಡ್ಡೆಮೋಡದ ಆಯಸ್ಸು ಹತ್ತಿಪ್ಪತ್ತು ನಿಮಿಷ, ಹೆಚ್ಚೆಂದರೆ ಅರ್ಧ ಗಂಟೆ. ಗುಡುಗು ಮಿಂಚಿನ ದೊಡ್ಡ ಮೋಡಕ್ಕೂ ಒಂದು ಗಂಟೆಯ ಆಸುಪಾಸು. ಮಧ್ಯಾಹ್ನವೆಲ್ಲ ಅದೇ ಮೋಡ ತೇಲುತ್ತಿದೆ ಎಂದು ನಮಗನಿಸುವಾಗ ನಿಜವಾಗಿ ಒಂದು ಸಾಯುತ್ತಾ ಪಕ್ಕದಲ್ಲಿ ಇನ್ನೊಂದು ಹುಟ್ಟುತ್ತಿರುತ್ತದೆ.

ಮೋಡ ಒಂದು ವಸ್ತು ಎಂದುಕೊಂಡದ್ದರಿಂದಲೇ ನಮ್ಮ ಹೆಚ್ಚಿನ ಗೊಂದಲಗಳು ಹುಟ್ಟಿವೆ ಎಂದು ನನಗನಿಸುತ್ತದೆ. "ಇಷ್ಟು ಮೋಡ ಇದ್ದೂ ಮಳೆ ಯಾಕಿಲ್ಲ" ಎಂಬ ಪ್ರಶ್ನೆಯೂ ಅಲ್ಲಿಂದಲೇ ಬಂದದ್ದು. ಮೋಡ ನಡೆಯುತ್ತಿರುವ ಒಂದು ಕೆಲಸ. ಕೂಟದ ಮೊದಲ ಕಟ್ಟಳೆ ಬಹುಶಃ ಹೀಗಿರುತ್ತಿತ್ತು: ಮೋಡ ಮಾರುವುದಿಲ್ಲ, ಮೋಡ ನಡೆಸಿದ್ದಕ್ಕೆ ಕೂಲಿ ಮಾತ್ರ.

ಎತ್ತುವ ಕೆಲಸ

ಆವಿಯನ್ನು ಹನಿ ಮಾಡಬೇಕಾದರೆ ಗಾಳಿಯನ್ನು ತಣ್ಣಗಾಗಿಸಬೇಕು. ಪ್ರಕೃತಿಗೆ ಗೊತ್ತಿರುವ ಮುಖ್ಯ ದಾರಿ ಅದನ್ನು ಮೇಲಕ್ಕೆತ್ತುವುದು. ಮೇಲೆ ಹೋದಷ್ಟೂ ಒತ್ತಡ ಕಡಿಮೆ, ಒತ್ತಡ ಕಡಿಮೆಯಾದಷ್ಟೂ ಗಾಳಿ ಹಿಗ್ಗುತ್ತದೆ, ಹಿಗ್ಗುವ ಗಾಳಿ ತನ್ನ ಶಾಖವನ್ನೇ ಖರ್ಚು ಮಾಡಿಕೊಂಡು ತಣ್ಣಗಾಗುತ್ತದೆ. ಕಿಲೋಮೀಟರಿಗೆ ಸುಮಾರು 10 ಡಿಗ್ರಿಯ ಲೆಕ್ಕ.

ಎಷ್ಟು ಎತ್ತರಕ್ಕೆ ಹೋದಾಗ ಮೋಡ ಹುಟ್ಟುತ್ತದೆ? ಇದಕ್ಕೆ ಬಾಯಿಲೆಕ್ಕದ ಒಂದು ಸೂತ್ರವಿದೆ. ಗಾಳಿಯನ್ನು ಯಾವ ಉಷ್ಣತೆಗೆ ಇಳಿಸಿದರೆ ಅದರಲ್ಲಿನ ಆವಿ ಹನಿಗಟ್ಟತೊಡಗುತ್ತದೋ ಅದು ಅದರ ಇಬ್ಬನಿ ಬಿಂದು. ನೆಲದ ಮಟ್ಟದಲ್ಲಿ ಗಾಳಿಯ ಉಷ್ಣತೆಗೂ ಇಬ್ಬನಿ ಬಿಂದುವಿಗೂ ಇರುವ ಅಂತರವನ್ನು 125ರಿಂದ ಗುಣಿಸಿದರೆ ಮೋಡದ ಬುಡ ನೆಲದಿಂದ ಎಷ್ಟು ಮೀಟರ್ ಮೇಲಿರುತ್ತದೆಂದು ಸಿಗುತ್ತದೆ. ಮೊಬೈಲಿನ ಹವಾಮಾನ ಆ್ಯಪ್‌ಗಳಲ್ಲಿ ಎರಡೂ ಅಂಕಿ ಇರುತ್ತವೆ, ಯಾರು ಬೇಕಾದರೂ ಹಾಕಿ ನೋಡಬಹುದು. ಏಪ್ರಿಲ್ ಮಧ್ಯಾಹ್ನ ಚಳ್ಳಕೆರೆಯಲ್ಲಿ 38 ಡಿಗ್ರಿ ಬಿಸಿಲು, ಇಬ್ಬನಿ ಬಿಂದು 18 ಇದ್ದರೆ ಮೋಡದ ಬುಡ 2,500 ಮೀಟರ್ ಮೇಲೆ. ಜುಲೈನಲ್ಲಿ ಉಷ್ಣತೆ 27, ಇಬ್ಬನಿ ಬಿಂದು 22 ಆದರೆ ಬುಡ 625 ಮೀಟರಿಗೇ ಇಳಿದುಬಿಡುತ್ತದೆ.

ಈ ಎರಡನೆಯ ಅಂಕಿಯನ್ನು ಚಿತ್ರದುರ್ಗದಲ್ಲಿ ಕಣ್ಣಾರೆ ನೋಡಬಹುದು. ಊರು ಸಮುದ್ರ ಮಟ್ಟದಿಂದ ಸುಮಾರು 730 ಮೀಟರ್ ಎತ್ತರದಲ್ಲಿದೆ, ಪಕ್ಕದ ಜೋಗಿಮಟ್ಟಿ 1,300 ಮೀಟರ್ ದಾಟುತ್ತದೆ. ನಡುವಿನ ಅಂತರ ಸುಮಾರು 600 ಮೀಟರ್. ಅಂದರೆ ಊರಿನ ಉಷ್ಣತೆಗೂ ಇಬ್ಬನಿ ಬಿಂದುವಿಗೂ ಐದು ಡಿಗ್ರಿಗಿಂತ ಕಡಿಮೆ ಅಂತರ ಇದ್ದ ದಿನ ಮೋಡದ ಬುಡ ಜೋಗಿಮಟ್ಟಿಯ ನೆತ್ತಿಗೆ ತಾಗುತ್ತದೆ. ಮಳೆಗಾಲದ ಬೆಳಗ್ಗೆ ಬೈಕಿನಲ್ಲಿ ಹತ್ತಿ ಹೋದವರು ಮಂಜು ಎಂದು ಫೋಟೊ ಹಾಕುತ್ತಾರಲ್ಲ, ಅದು ಮೋಡವೇ. ಕೋಟೆಯ ಹತ್ತಿರ ನಿಂತು ನೋಡುವವನಿಗೆ ಬೆಟ್ಟಕ್ಕೆ ಮೋಡ ಕವಿದಂತೆ, ಬೆಟ್ಟದ ಮೇಲೆ ನಿಂತವನಿಗೆ ಮಂಜು ಮುಸುಕಿದಂತೆ ಕಾಣುತ್ತದೆ, ಅಷ್ಟೆ. ಗುಡ್ಡೆಮೋಡಗಳ ತಲೆ ಹೇಗೆ ಬೇಕೋ ಹಾಗೆ ಉಬ್ಬಿದ್ದರೂ ಬುಡ ಮಾತ್ರ ಸಾಲಾಗಿ ಒಂದೇ ಮಟ್ಟಕ್ಕೆ ಕತ್ತರಿಸಿದಂತಿರುವುದಕ್ಕೂ ಇದೇ ಕಾರಣ. ಒಂದು ಬಯಲಿನ ಗಾಳಿಗೆಲ್ಲ ಅಂತರ ಹೆಚ್ಚುಕಡಿಮೆ ಒಂದೇ, ಆದ್ದರಿಂದ ಹನಿಗಟ್ಟುವ ಎತ್ತರವೂ ಒಂದೇ.

ಎತ್ತುವುದಕ್ಕೆ ಶಕ್ತಿ ಎಲ್ಲಿಂದ ಬರುತ್ತದೆ ಎಂಬುದು ಮೋಡಗಾರನ ದೊಡ್ಡ ತಲೆನೋವು. ಮೊದಲ ತಳ್ಳು ಕಾದ ನೆಲದ್ದೋ ಬೆಟ್ಟದ್ದೋ ಆಗಿರುತ್ತದೆ. ಆಮೇಲೆ ಮೋಡ ತನ್ನ ಶಕ್ತಿಯನ್ನು ತಾನೇ ಹುಟ್ಟಿಸಿಕೊಳ್ಳುತ್ತದೆ. ಒಂದು ಕಿಲೋ ಆವಿ ನೀರಾಗುವಾಗ ಸುಮಾರು 2,500 ಕಿಲೋಜೂಲ್ ಶಾಖ ಹೊರಬೀಳುತ್ತದೆ, ಆ ಶಾಖ ಗಾಳಿಯನ್ನು ಇನ್ನೂ ಮೇಲಕ್ಕೆ ದೂಡುತ್ತದೆ. ಐದು ಲಕ್ಷ ಲೀಟರಿನ ನಮ್ಮ ಪುಟ್ಟ ಬಿಳಿ ಮೋಡ ಕಟ್ಟುವಾಗ ಹೊರಬಿದ್ದ ಶಾಖವನ್ನು ಕರೆಂಟಿನ ಲೆಕ್ಕದಲ್ಲಿ ಹೇಳಿದರೆ ಹತ್ತಿರಹತ್ತಿರ ಮೂರೂವರೆ ಲಕ್ಷ ಯೂನಿಟ್. ದುರ್ಗದ ಗುಡ್ಡಗಳ ಮೇಲೆ ಕಾಣುವಂಥ, ಎರಡು ಮೆಗಾವಾಟ್‌ನ ಒಂದು ಗಾಳಿಯಂತ್ರ ಒಂದು ಕ್ಷಣವೂ ನಿಲ್ಲದೆ ಪೂರ್ತಿ ಬಲದಲ್ಲಿ ವಾರವಿಡೀ ತಿರುಗಿದರೆ ಅಷ್ಟಾಗುತ್ತದೆ. ಅರ್ಧ ಮಿಲಿಮೀಟರ್ ಕೊಡದ ಮೋಡಕ್ಕೇ ಇಷ್ಟು! ಗಾಳಿಯನ್ನು ತಾನೇ ಎತ್ತಿ ಮೋಡ ಕಟ್ಟುವ ಆಸೆಯನ್ನು ಕೂಟ ಇಲ್ಲಿಗೇ ಬಿಡಬೇಕಾಗುತ್ತದೆ. ತಾನಾಗಿ ಏರುತ್ತಿರುವ ಮೋಡದಲ್ಲಿ ಒಂದಿಷ್ಟು ಕೈಯಾಡಿಸುವುದು ಮಾತ್ರ ಉಳಿಯಿತು.

ಪಶ್ಚಿಮ ಘಟ್ಟ ಈ ಎತ್ತುವ ಕೆಲಸವನ್ನು ಬಿಟ್ಟಿಯಾಗಿ ಮಾಡುತ್ತದೆ, ಆದರೆ ಲಾಭ ಪೂರ್ತಿ ಆಚೆ ಕಡೆಗೆ. ಅರಬ್ಬಿ ಸಮುದ್ರದ ಗಾಳಿ ಘಟ್ಟ ಹತ್ತುತ್ತಾ ತಣ್ಣಗಾಗಿ ಆಗುಂಬೆಯಲ್ಲಿ ಸುರಿದು, ಈ ಕಡೆ ಇಳಿಯುವಾಗ ಒತ್ತಡಕ್ಕೆ ಸಿಕ್ಕಿ ಮತ್ತೆ ಬಿಸಿಯಾಗುತ್ತದೆ. ಬಿಸಿಯಾದ ಗಾಳಿಯ ಹನಿಗಳು ಆವಿಯಾಗಿ ಕರಗುತ್ತವೆ. ಮಳೆನೆರಳು ಎನ್ನುವುದು ಇದಕ್ಕೇ.

ಧೂಳಿನವರು

ಗಾಳಿ ತಣ್ಣಗಾದರೂ ಶುದ್ಧ ಆವಿ ತಾನಾಗಿ ಹನಿಗಟ್ಟುವುದು ಬಹಳ ಕಷ್ಟ. ತೇವಾಂಶ ಶೇ. 100 ದಾಟಿ ಅದರ ಹಲವು ಪಟ್ಟು ಏರಬೇಕು, ಆಕಾಶದಲ್ಲಿ ಅದು ಎಂದೂ ಆಗುವುದಿಲ್ಲ. ಕೂರಲು ಒಂದು ಕಣ ಸಿಕ್ಕರೆ ನೂರರ ಹತ್ತಿರವೇ ಕೆಲಸ ಆಗಿಹೋಗುತ್ತದೆ. ಸಮುದ್ರದ ಉಪ್ಪು, ಹೊಗೆ, ಹೊಲದ ಮಣ್ಣಿನ ಹುಡಿ, ಗಂಧಕದ ಸಂಯುಕ್ತಗಳು ಎಲ್ಲವೂ ನಡೆಯುತ್ತವೆ. ಸ್ಕಾಟ್ಲೆಂಡಿನ ಜಾನ್ ಐಟ್ಕೆನ್ 1880ರ ದಶಕದಲ್ಲಿ ಇದನ್ನು ಪ್ರಯೋಗ ಮಾಡಿ ತೋರಿಸಿದವರಲ್ಲಿ ಮುಖ್ಯರು. ಅಲ್ಲಿಯವರೇ ಆದ ಸಿ.ಟಿ.ಆರ್. ವಿಲ್ಸನ್ 1894ರಲ್ಲಿ ಬೆನ್ ನೆವಿಸ್ ಬೆಟ್ಟದ ಮೇಲೆ ಮೋಡಗಳ ಚಂದಕ್ಕೆ ಮರುಳಾಗಿ, ಅವನ್ನು ಗಾಜಿನ ಪಾತ್ರೆಯೊಳಗೆ ಮಾಡಿ ನೋಡಲು ಹೊರಟರು. ಧೂಳೇ ಇಲ್ಲದ ಗಾಳಿಯಲ್ಲೂ ವಿದ್ಯುತ್ಕಣ ಹಾದುಹೋದ ದಾರಿಯುದ್ದಕ್ಕೂ ಹನಿ ಕಟ್ಟುವುದು ಕಂಡಿತು. ಪರಮಾಣುವಿನ ಚೂರುಗಳ ಜಾಡು ಹಿಡಿಯುವ ಸಾಧನವಾದ ಅದಕ್ಕೆ 1927ರಲ್ಲಿ ಭೌತವಿಜ್ಞಾನದ ನೊಬೆಲ್ ಬಂತು. ಮೋಡ ಹುಡುಕಿ ಹೋದವರಿಗೆ ಹೀಗೂ ಆಗುತ್ತದೆ.

ನಮ್ಮ ಸೀಮೆಯಲ್ಲಿ ಧೂಳಿಗೇನು ಬರವಿಲ್ಲ. ತೊಂದರೆ ಇರುವುದು ಅದು ಹೆಚ್ಚಾದಾಗ. ಇರುವ ಆವಿ ಲೆಕ್ಕವಿಲ್ಲದಷ್ಟು ಕಣಗಳಿಗೆ ಹಂಚಿಹೋಗಿ ಎಲ್ಲ ಹನಿಗಳೂ ಕಿರಿದಾಗಿಯೇ ಉಳಿಯುತ್ತವೆ.

ಕಿರಿ ಹನಿ ಮಳೆಯಾಗುವುದಿಲ್ಲ. ಮೋಡದ ಹನಿಯ ಅಡ್ಡಳತೆ ಸುಮಾರು 0.02 ಮಿ.ಮೀ., ಮಳೆಹನಿಯದು ಸುಮಾರು 2 ಮಿ.ಮೀ. ಅಡ್ಡಳತೆಯಲ್ಲಿ ನೂರು ಪಟ್ಟು ಎಂದರೆ ನೀರಿನಲ್ಲಿ ಹತ್ತು ಲಕ್ಷ ಪಟ್ಟು. ಹತ್ತು ಲಕ್ಷ ಮೋಡಹನಿಗಳು ಕೂಡಿದರೆ ಒಂದು ಮಳೆಹನಿ. ಬೀಳುವ ವೇಗದ ವ್ಯತ್ಯಾಸ ಇನ್ನೂ ಸೋಜಿಗದ್ದು. ಮಳೆಹನಿ ಸೆಕೆಂಡಿಗೆ ಆರೇಳು ಮೀಟರ್ ಇಳಿಯುತ್ತದೆ. ಮೋಡಹನಿ ಇಳಿಯುವುದು ಸೆಕೆಂಡಿಗೆ ಒಂದು ಸೆಂಟಿಮೀಟರಿಗಿಂತ ತುಸು ಹೆಚ್ಚು. ಒಂದು ಕಿಲೋಮೀಟರ್ ಕೆಳಗಿಳಿಯಲು ಅದಕ್ಕೆ ಹತ್ತಿರಹತ್ತಿರ ಒಂದು ಹಗಲು ಒಂದು ರಾತ್ರಿ ಬೇಕು, ಅಷ್ಟರೊಳಗೆ ಅದು ಯಾವಾಗಲೋ ಆರಿಹೋಗಿರುತ್ತದೆ. ಮೋಡ ಮೇಲೆ ಹೇಗೆ ನಿಂತಿದೆ ಎಂದು ಮಕ್ಕಳು ಕೇಳಿದರೆ ಉತ್ತರ ಇದೇ: ನಿಂತಿಲ್ಲ, ಬೀಳುತ್ತಲೇ ಇದೆ, ಆದರೆ ಕೆಳಗಿನಿಂದ ಏರುವ ಗಾಳಿ ಅದಕ್ಕಿಂತ ಎಷ್ಟೋ ಪಾಲು ಜೋರಾಗಿದೆ.

ಹನಿ ದೊಡ್ಡದಾಗಲು ದಾರಿ ಎರಡು. ಒಂದು, ತುಸು ದೊಡ್ಡ ಹನಿಗಳು ಬೀಳುತ್ತಾ ಸಣ್ಣವನ್ನು ಡಿಕ್ಕಿ ಹೊಡೆದು ನುಂಗುತ್ತಾ ಬೆಳೆಯುವುದು. ಎರಡನೆಯದು ಹಿಮದ ದಾರಿ. ಮೋಡದೊಳಗಿನ ನೀರು ಸೊನ್ನೆ ಡಿಗ್ರಿಗೇ ಹೆಪ್ಪುಗಟ್ಟುವುದಿಲ್ಲ. ಹರಳು ಕಟ್ಟಲು ತಕ್ಕ ಕಣ ಸಿಗದಿದ್ದರೆ ಮೈನಸ್ 38 ಡಿಗ್ರಿಯವರೆಗೂ ದ್ರವವಾಗಿಯೇ ಇರಬಲ್ಲದು. ಅಂಥ ಅತಿಶೀತ ಹನಿಗಳ ನಡುವೆ ಒಂದು ಹಿಮದ ಹರಳು ಹುಟ್ಟಿತೋ, ಸುತ್ತಲಿನ ಹನಿಗಳು ಆರುತ್ತಾ ತಮ್ಮ ಆವಿಯನ್ನೆಲ್ಲ ಅದಕ್ಕೆ ಒಪ್ಪಿಸುತ್ತವೆ. ಹರಳು ಭಾರವಾಗಿ ಬಿದ್ದು, ದಾರಿಯಲ್ಲಿ ಕರಗಿ ಮಳೆಯಾಗುತ್ತದೆ. ಮೇ ತಿಂಗಳ ಸೆಖೆಯಲ್ಲಿ ದಾವಣಗೆರೆಯ ಮೇಲೆ ಬೀಳುವ ದಪ್ಪ ದಪ್ಪ ಹನಿಗಳಲ್ಲಿ ಎಷ್ಟೋ ಹನಿಗಳು ಕೆಲವು ನಿಮಿಷ ಮೊದಲು ಹಿಮವಾಗಿದ್ದಂಥವು. ಕರಗಲು ಪುರುಸೊತ್ತು ಸಿಗದವು ಆಲಿಕಲ್ಲಾಗಿಯೇ ಬರುತ್ತವೆ.

ಎರಡು ದಾರಿಗೂ ಮೋಡಕ್ಕೆ ಎತ್ತರ ಬೇಕು, ಹೊತ್ತು ಬೇಕು. ಹನಿ ಮಳೆಯಾಗಿ ಬಲಿಯಲು ಇಪ್ಪತ್ತು ಮೂವತ್ತು ನಿಮಿಷವಾದರೂ ಬೇಕು.

ಓಡುವ ಮೋಡ

ಜೂನ್, ಜುಲೈನಲ್ಲಿ ದುರ್ಗದ ಮೇಲೆ ಮೋಡಕ್ಕೆ ಕಡಿಮೆಯಿಲ್ಲ. ಬೆಳಗಿನಿಂದ ಸಂಜೆವರೆಗೆ ಪಡುವಣದಿಂದ ಮೂಡಣಕ್ಕೆ ಸಾಲುಗಟ್ಟಿ ಓಡುತ್ತವೆ, ಹೆಚ್ಚೆಂದರೆ ನಾಲ್ಕು ತುಂತುರು ಉದುರಿಸುತ್ತವೆ. ಮುಂಗಾರಿನ ಪಶ್ಚಿಮ ಗಾಳಿ ನೆಲದಿಂದ ಒಂದೆರಡು ಕಿಲೋಮೀಟರ್ ಮೇಲೆ ಅತಿ ಬಿರುಸು. ಘಟ್ಟದ ಕಣಿವೆಗಳನ್ನು ದಾಟಿ ಬರುವ ಈ ಗಾಳಿಯನ್ನು ನಂಬಿಯೇ ಚಿತ್ರದುರ್ಗ, ಹಿರಿಯೂರು, ಹೊಳಲ್ಕೆರೆ ಕಡೆಯ ಗುಡ್ಡಗಳ ಮೇಲೆ ಗಾಳಿಯಂತ್ರಗಳು ಎದ್ದು ನಿಂತದ್ದು. ಅವು ಅತಿ ಹೆಚ್ಚು ಕರೆಂಟು ಕೊಡುವುದು ಈ ತಿಂಗಳುಗಳಲ್ಲೇ. ರೆಕ್ಕೆ ತಿರುಗಿಸುವ ಆ ಗಾಳಿಯೇ ಮೋಡವನ್ನು ನಿಲ್ಲಗೊಡುವುದಿಲ್ಲ. ಮೋಡದ ಬುಡ ಒಂದು ವೇಗದಲ್ಲಿ, ತಲೆ ಇನ್ನೊಂದು ವೇಗದಲ್ಲಿ ಓಡಿದರೆ ಅದು ಎತ್ತರಕ್ಕೆ ಬೆಳೆಯದೆ ಹರಿದುಹೋಗುತ್ತದೆ. ಘಟ್ಟ ಇಳಿದು ಬಿಸಿಯಾದ ಗಾಳಿ ಬೇರೆ ತಲೆಯ ಮೇಲೆ ಮುಚ್ಚಳ ಹಾಕಿರುತ್ತದೆ. ಮೂರು ಕಿಲೋಮೀಟರಿಗೇ ನಿಂತುಹೋದ ಮೋಡ, ಐದು ಕಿಲೋಮೀಟರಿನ ಆಸುಪಾಸಿನಲ್ಲಿ ಶುರುವಾಗುವ ಹಿಮದ ಮಟ್ಟವನ್ನು ಮುಟ್ಟುವುದಾದರೂ ಹೇಗೆ?

ಕೆಲವೊಮ್ಮೆ ಮಳೆ ಬಿದ್ದೇ ಬೀಳುತ್ತದೆ, ನೆಲಕ್ಕೆ ಮುಟ್ಟುವುದಿಲ್ಲ. ಮೋಡದ ಬುಡದಿಂದ ಬೂದು ಬಣ್ಣದ ಎಳೆಗಳು ಇಳಿಬಿದ್ದು ನಡುವೆಯೇ ಮಾಯವಾಗುವುದನ್ನು ಚಳ್ಳಕೆರೆಯ ಬಯಲಿನಲ್ಲಿ ಮುಂಗಾರುಪೂರ್ವದ ಸಂಜೆಗಳಲ್ಲಿ ನೋಡಬಹುದು. ಬುಡ 2,500 ಮೀಟರ್ ಮೇಲಿದ್ದು ಕೆಳಗಿನ ಗಾಳಿ ಒಣಗಿದ್ದರೆ ಹನಿ ಅಷ್ಟು ದೂರ ಬಾಳುವುದಿಲ್ಲ.

ಸೆಪ್ಟೆಂಬರ್ ಬಂದಂತೆ ಗಾಳಿ ಸಡಿಲವಾಗುತ್ತದೆ. ಆಗ ಮೋಡ ಹುಟ್ಟಿದ ಕಡೆಯೇ ನಿಂತು ಮೇಲಕ್ಕೇರುತ್ತದೆ. ಹುಬ್ಬೆ, ಉತ್ತರೆ, ಹಸ್ತ, ಚಿತ್ತೆ ಮಳೆಗಳ ಈ ಹೊತ್ತಿನಲ್ಲೇ ಚಿತ್ರದುರ್ಗ ಜಿಲ್ಲೆಗೆ ವರ್ಷದ ಮುಖ್ಯ ಮಳೆ. ಮಲೆನಾಡಿನವರ ಮುಂಗಾರಿನ ಕತೆ ಕೇಳಿ ಬೆಳೆದವರಿಗೆ ಇದು ವಿಚಿತ್ರವಾಗಿ ಕಂಡೀತು, ಇಲ್ಲಿಯ ಶೇಂಗಾ ಬೆಳೆಗಾರರಿಗೆ ಇದನ್ನು ಹೇಳಿಕೊಡಬೇಕಿಲ್ಲ. ಬೇಸಿಗೆಯ ಅಡ್ಡಮಳೆಯೂ ಗಾಳಿ ಮಂದವಾಗಿದ್ದಾಗ ನಿಂತು ಬೆಳೆಯುವ ಮೋಡಗಳದ್ದೇ. ಭರಣಿ ಸುರಿದರೆ ಧರಣಿ ಬದುಕೀತು ಎಂಬ ಮಾತು ಏಪ್ರಿಲ್ ಕೊನೆ, ಮೇ ಮೊದಲಿನ ಆ ಮಳೆಯ ಬಗ್ಗೆ ಹುಟ್ಟಿದ್ದು.

ವರ್ಷದ ಮಳೆಯೆಲ್ಲ ಕೆಲವೇ ಸಂಜೆಗಳಲ್ಲಿ ಬರುವ ಊರಿನಲ್ಲಿ ಕೋಟೆ ಕಟ್ಟಿದವರು ಮೋಡದ ಗೊಡವೆಗೆ ಹೋಗದೆ ಅದರ ಕೆಳಗಿನ ಕೆಲಸ ಹಿಡಿದರು. ಮೇಲಿನ ಬಂಡೆಗಳ ನೀರು ಗೋಪಾಲಸ್ವಾಮಿ ಹೊಂಡಕ್ಕೆ, ಅದು ತುಂಬಿದರೆ ಅಕ್ಕ ತಂಗಿಯರ ಹೊಂಡಕ್ಕೆ, ಅಲ್ಲಿಂದ ಸಿಹಿನೀರು ಹೊಂಡ, ಊರಿನ ಸಂತೆ ಹೊಂಡದ ಕಡೆಗೆ. ಪಕ್ಕದ ಚಂದ್ರವಳ್ಳಿಯಲ್ಲಿ ಕದಂಬರ ಮಯೂರಶರ್ಮ ಕೆರೆಯ ಕೆಲಸ ಮಾಡಿಸಿದ್ದನ್ನು ಹೇಳುವ ನಾಲ್ಕನೆಯ ಶತಮಾನದ ಶಾಸನವಿದೆ. ಬಂಡೆಯ ಮೇಲೆ ಬಿದ್ದ ಮಳೆ ಇಂಗುವುದು ಕಡಿಮೆ, ಹರಿಯುವುದೇ ಹೆಚ್ಚು. ನೀರು ಹಿಡಿಯುವವರಿಗೆ ಅದಕ್ಕಿಂತ ಒಳ್ಳೆಯ ನೆಲ ಬೇಕೆ?

ಕೈಯಲ್ಲಿ ಆದ ಮೋಡಗಳು

ಮನುಷ್ಯನ ಕೈಯಲ್ಲಿ ಮೋಡ ಆಗಿಯೇ ಇಲ್ಲವೆಂದಲ್ಲ. ಜಪಾನಿನ ಉಕಿಚಿರೊ ನಕಾಯ 1936ರಲ್ಲಿ ಹೊಕ್ಕೈಡೊದ ಪ್ರಯೋಗಾಲಯದಲ್ಲಿ ಮೊಲದ ಕೂದಲಿನ ತುದಿಯಲ್ಲಿ ಹಿಮದ ಹರಳು ಬೆಳೆಸಿದರು. ಅವರ ಮಗಳು ಫುಜಿಕೊ ನಕಾಯ ಕಲಾವಿದೆಯಾಗಿ, 1970ರ ಒಸಾಕಾ ವಿಶ್ವಮೇಳದಲ್ಲಿ ಒಂದು ಕಟ್ಟಡಕ್ಕೆ ಅತಿ ಸಣ್ಣ ನಳಿಕೆಗಳಿಂದ ಬರೀ ನೀರು ಚಿಮ್ಮಿಸಿ ಮಂಜಿನ ಹೊದಿಕೆ ಹಾಕಿದರು. ನಮ್ಮ ಕೂಟಕ್ಕೆ ಮೂಲಪುರುಷರು ಬೇಕಿದ್ದರೆ ನಾನು ಈ ಅಪ್ಪ ಮಗಳನ್ನೇ ಆರಿಸುತ್ತೇನೆ. ಚಿಲಿ ದೇಶದ ಅಟಕಾಮಾ ಮರುಭೂಮಿಯ ಅಂಚಿನಲ್ಲಿ ಗುಡ್ಡದ ಮೇಲೆ ಬಲೆ ಕಟ್ಟಿ, ಹಾದುಹೋಗುವ ಮಂಜಿನ ಹನಿಗಳನ್ನು ಸೋಸಿ ಹಳ್ಳಿಗೆ ಕುಡಿಯುವ ನೀರು ಕೊಟ್ಟವರೂ ಇದ್ದಾರೆ. ಅಂಗಳದಷ್ಟು, ಗುಡ್ಡದ ನೆತ್ತಿಯಷ್ಟು ಜಾಗದಲ್ಲಿ ಇವೆಲ್ಲ ಸಾಧ್ಯ. ಹೊಲ ನೆನೆಸುವ ಮಾತು ಬಂದಾಗ ಮೂರೂವರೆ ಲಕ್ಷ ಯೂನಿಟ್ಟಿನ ಲೆಕ್ಕ ಅಡ್ಡ ಬರುತ್ತದೆ.

ಅದಕ್ಕೇ ಮೋಡ ಬಿತ್ತನೆ ಬೇರೆ ದಾರಿ ಹಿಡಿಯುತ್ತದೆ. ಅದು ಹಾಲಿಗೆ ಹೆಪ್ಪು ಹಾಕುವಂಥ ಕೆಲಸ. ಒಂದು ಚಮಚ ಮಜ್ಜಿಗೆಯಿಂದ ಪಾತ್ರೆ ಮೊಸರಾಗುವುದು ಹೌದು, ಆದರೆ ಪಾತ್ರೆಯಲ್ಲಿ ಹಾಲಿರಬೇಕು, ಹಾಲು ತಕ್ಕ ಬಿಸಿಯಲ್ಲಿರಬೇಕು. 1946ರಲ್ಲಿ ಅಮೆರಿಕದ ಸ್ಕೆನೆಕ್ಟಡಿಯ ಜನರಲ್ ಎಲೆಕ್ಟ್ರಿಕ್ ಪ್ರಯೋಗಾಲಯದಲ್ಲಿ ವಿನ್ಸೆಂಟ್ ಶೇಫರ್ ಶೀತಪೆಟ್ಟಿಗೆಯೊಳಗೆ ಉಸಿರಿನಿಂದಲೇ ಪುಟ್ಟ ಮೋಡ ಮಾಡಿ, ಪೆಟ್ಟಿಗೆ ಇನ್ನಷ್ಟು ತಣ್ಣಗಾಗಲೆಂದು ಒಣ ಮಂಜುಗಡ್ಡೆ, ಅಂದರೆ ಗಟ್ಟಿಯಾದ ಇಂಗಾಲದ ಡೈಆಕ್ಸೈಡ್, ಹಾಕಿದರು. ಹಾಕಿದ ಕ್ಷಣವೇ ಲಕ್ಷಾಂತರ ಹಿಮದ ಹರಳುಗಳು ಮಿನುಗಿದವು. ಅದೇ ನವೆಂಬರಿನಲ್ಲಿ ವಿಮಾನದಿಂದ ನಿಜವಾದ ಮೋಡಕ್ಕೂ ಹಾಕಿ ನೋಡಿದರು, ಹಿಮ ಉದುರಿತು. ಅವರ ಜೊತೆಗಾರ ಬರ್ನಾರ್ಡ್ ವಾನೆಗಟ್ ಹಿಮದ ಹರಳಿನ ಜೋಡಣೆಯನ್ನೇ ಹೋಲುವ ಸಿಲ್ವರ್ ಅಯೋಡೈಡ್ ಎಂಬ ಲವಣವನ್ನು ಹುಡುಕಿ ಕೊಟ್ಟರು. ಅತಿಶೀತ ಹನಿಗಳಿರುವ ಎತ್ತರದ ಮೋಡಕ್ಕೆ ಅದು, ಸೊನ್ನೆಗಿಂತ ಬೆಚ್ಚಗಿರುವ ಮೋಡದ ಬುಡಕ್ಕೆ ತೇವ ಹೀರುವ ಉಪ್ಪಿನ ಪುಡಿ. ಎರಡರ ಗುರಿಯೂ ದೊಡ್ಡ ಹನಿಗೆ ದಾರಿ ಮಾಡುವುದು. ಆವಿಯನ್ನಾಗಲಿ ಏರುವ ಗಾಳಿಯನ್ನಾಗಲಿ ಇವು ತಂದುಕೊಡುವುದಿಲ್ಲ. ನೀಲಿ ಆಕಾಶಕ್ಕೆ ಬಿತ್ತಿ ಉಪಯೋಗವಿಲ್ಲ.

ನಮ್ಮ ರಾಜ್ಯ 2003ರಲ್ಲಿ 'ವರುಣ' ಎಂಬ ಹೆಸರಿನಲ್ಲಿ, 2017ರಲ್ಲಿ 'ವರ್ಷಧಾರೆ' ಎಂಬ ಹೆಸರಿನಲ್ಲಿ ಬಿತ್ತನೆ ಮಾಡಿಸಿತು. ಫಲ ಎಷ್ಟು ಎಂಬ ಜಗಳ ಎರಡು ಸಲವೂ ಎದ್ದಿತು. ಜಗಳ ಏಳುವುದು ಸಹಜ, ಏಕೆಂದರೆ ಬಿತ್ತಿದ ಮೋಡ ಬಿತ್ತದಿದ್ದರೆ ಎಷ್ಟು ಸುರಿಯುತ್ತಿತ್ತು ಎಂದು ತೋರಿಸಲು ಅದರ ಅವಳಿ ಮೋಡ ಎಲ್ಲೂ ಸಿಗುವುದಿಲ್ಲ. ಇದಕ್ಕೆ ಇರುವ ಮದ್ದು ಚೀಟಿ ಎತ್ತುವುದು. ತಕ್ಕ ಮೋಡಗಳನ್ನು ಗುರುತಿಸಿ, ಯಾವುದಕ್ಕೆ ಬಿತ್ತಬೇಕು, ಯಾವುದನ್ನು ಹಾಗೇ ಬಿಡಬೇಕು ಎಂಬುದನ್ನು ಅದೃಷ್ಟಕ್ಕೆ ಬಿಟ್ಟು, ಆಮೇಲೆ ಎರಡೂ ಗುಂಪಿನ ಮಳೆ ಹೋಲಿಸುವುದು. ಪುಣೆಯ ಭಾರತೀಯ ಉಷ್ಣವಲಯ ಪವನವಿಜ್ಞಾನ ಸಂಸ್ಥೆ 2018 ಮತ್ತು 2019ರಲ್ಲಿ ಸೊಲ್ಲಾಪುರದ ಸುತ್ತ, ಅಂದರೆ ನಮ್ಮದೇ ರೀತಿಯ ಮಳೆನೆರಳಿನ ಸೀಮೆಯಲ್ಲಿ, ಇನ್ನೂರಕ್ಕೂ ಹೆಚ್ಚು ಮೋಡಗಳ ಮೇಲೆ ಈ ಕ್ರಮದಲ್ಲಿ ಕೆಲಸ ಮಾಡಿತು. ಗಾಳಿ ಸಾಗುವ ದಿಕ್ಕಿನ 100 ಚದರ ಕಿಲೋಮೀಟರಿನಲ್ಲಿ ಸರಾಸರಿ ಶೇ. 18ರಷ್ಟು ಹೆಚ್ಚು ಮಳೆ ಕಂಡಿತು.

ಶೇ. 18ನ್ನು ಕೂಟದವರು ಗಿರಾಕಿಗೆ ಹೇಗೆ ಬಿಡಿಸಿ ಹೇಳಬೇಕು? 20 ಮಿ.ಮೀ. ಬರುವ ಕಡೆ 23.6 ಬಂದೀತು. 2 ಮಿ.ಮೀ. ಬರುವ ಕಡೆ 2.4. ಮಳೆಯೇ ಬಾರದ ಕಡೆ ಸೊನ್ನೆಗೆ ಸೊನ್ನೆಯೇ. ಒಳ್ಳೆಯ ವರ್ಷದಲ್ಲಿ ಕೆರೆಗೆ ನೀರು ಕೂಡಿಸಲು ಇದು ದೊಡ್ಡ ಮೊತ್ತವೇ. ಬರಗಾಲ ಘೋಷಣೆಯಾದ ಮೇಲೆ ವಿಮಾನ ತರಿಸಿದರೆ ಹೆಪ್ಪು ಹಾಕಲು ಪಾತ್ರೆಯಲ್ಲಿ ಹಾಲೇ ಇರುವುದಿಲ್ಲ. ಸಾಮಾನ್ಯವಾಗಿ ಒತ್ತಾಯ ಕೇಳಿಬರುವುದು ಮಾತ್ರ ಆಗಲೇ.

ಹೊಣೆಯ ವಿಷಯವೂ ಇದೆ. ಮುಂಗಾರಿನ ಗಾಳಿ ಗಂಟೆಗೆ 54 ಕಿ.ಮೀ. ವೇಗದಲ್ಲಿದ್ದರೆ, ಅಂದರೆ ಸೆಕೆಂಡಿಗೆ 15 ಮೀಟರ್, ಬಿತ್ತಿದ ಅರ್ಧ ಗಂಟೆಗೆ ಮೋಡ 27 ಕಿ.ಮೀ. ಮುಂದಿರುತ್ತದೆ. ಜಗಳೂರಿನ ನೆತ್ತಿಯ ಮೇಲೆ ಬಿತ್ತಿದರೆ ಅದು ಮೊಳಕಾಲ್ಮೂರಿನ ದಾರಿ ಹಿಡಿದಿರುತ್ತದೆ. ಜಗಳೂರಿಗೆ ಬೀಳಬೇಕೆಂದರೆ ದಾವಣಗೆರೆ ದಾಟಿ ಆನಗೋಡಿನ ಸುತ್ತಮುತ್ತಲೇ ಬಿತ್ತಬೇಕು, ಆಗಲೂ ನಾಲ್ಕೆಕರೆಯ ಗುರಿ ಇಡಲಾಗದು, ಹೋಬಳಿಯ ಗುರಿ ಇಟ್ಟರೆ ಹೆಚ್ಚು. ಎಕರೆ ಲೆಕ್ಕದ ಮುಂಗಡ ಹಣವನ್ನು ಕೂಟ ಮುಟ್ಟಬಾರದು. ತಾಲ್ಲೂಕಿಗೆ, ಇಡೀ ಹಂಗಾಮಿಗೆ ಒಪ್ಪಂದ ಮಾಡಿಕೊಳ್ಳಬೇಕು.

ಒಂದೇ ಹಂಗಾಮಿನ ಲೆಕ್ಕವೂ ಸಾಲದು. ಹಿರಿಯೂರಿನ ವಾಣಿವಿಲಾಸ ಸಾಗರ ನೋಡಿ. 1907ರಲ್ಲಿ ಕಟ್ಟಿ ಮುಗಿದ ಈ ಮಾರಿಕಣಿವೆ ಅಣೆಕಟ್ಟೆ 1933ರಲ್ಲಿ ಕೋಡಿ ಬಿತ್ತು, ಮತ್ತೆ ಕೋಡಿ ಬಿದ್ದದ್ದು 89 ವರ್ಷಗಳ ನಂತರ, 2022ರಲ್ಲಿ. ಆಗಿನ ಭಾರೀ ಮಳೆಯ ಜೊತೆಗೆ ಭದ್ರಾ ಮೇಲ್ದಂಡೆಯಿಂದ ಬಂದ ನೀರೂ ಸೇರಿತ್ತು. ಮರುವರ್ಷ, 2023ರಲ್ಲಿ, ರಾಜ್ಯದ ಬಹುತೇಕ ತಾಲ್ಲೂಕುಗಳು ಬರಪಟ್ಟಿಗೆ ಸೇರಿದವು. ತಾನಾಗಿಯೇ ಇಷ್ಟು ಏರಿಳಿಯುವ ಮಳೆಯಲ್ಲಿ ಶೇ. 18 ಎಲ್ಲಿ ಅಡಗಿದೆ ಎಂದು ಒಂದು ವರ್ಷದ ಮಳೆಮಾಪಕ ನೋಡಿ ಹೇಳಲಾಗದು. ಹಿಂದಿನ ವರ್ಷಕ್ಕಿಂತ ಜಾಸ್ತಿ ಬಂತು, ಆದ್ದರಿಂದ ಬಿತ್ತನೆ ಗೆದ್ದಿತು ಎನ್ನುವ ವಾದವೂ, ಕಡಿಮೆ ಬಂತು, ಆದ್ದರಿಂದ ಸೋತಿತು ಎನ್ನುವ ವಾದವೂ ಒಂದೇ ತೂಕದವು.

ಗ್ರಾಮ ಪಂಚಾಯಿತಿ ಮಟ್ಟದಲ್ಲೇ ಈಗ ತಾನಾಗಿ ಅಂಕಿ ಕಳಿಸುವ ಮಳೆಮಾಪಕಗಳಿವೆ, ಆದ್ದರಿಂದ ಸಲಕರಣೆಯ ಕೊರತೆ ಎನ್ನುವಂತಿಲ್ಲ. ಮುಂದಿನ ಸಲ ಬಿತ್ತನೆಯ ವಿಮಾನ ಬಂದಾಗ ಎಷ್ಟು ಗಂಟೆ ಹಾರಿತು, ಎಷ್ಟು ಕೆ.ಜಿ. ಪುಡಿ ಸುರಿಯಿತು ಎನ್ನುವುದಕ್ಕಿಂತ ಮುಂಚೆ ಕೇಳಬೇಕಾದದ್ದು ಬೇರೆ ಇದೆ. ಮೋಡದ ಬುಡ ಎಷ್ಟು ಎತ್ತರದಲ್ಲಿತ್ತು, ತಲೆ ಎಷ್ಟರಲ್ಲಿತ್ತು? ಗಾಳಿ ಎತ್ತ ಬೀಸುತ್ತಿತ್ತು, ಆ ದಿಕ್ಕಿನ ಯಾವ ಯಾವ ಪಂಚಾಯಿತಿಯ ಮಾಪಕಗಳನ್ನು ಲೆಕ್ಕಕ್ಕೆ ಹಿಡಿದರು? ಬಿತ್ತದೆ ಬಿಟ್ಟ ಮೋಡಗಳು ಎಷ್ಟು, ಅವನ್ನು ಬಿಡಬೇಕೆಂದು ಗೊತ್ತುಮಾಡಿದ್ದು ಹಾರುವ ಮೊದಲೋ ಆಮೇಲೋ?